ಹಳಿಯಾಳದಲ್ಲಿ ಅಚ್ಚಾದ ಕಾರ್ಡು

ದಾಂಡೇಲಿಯಿಂದ ಹಳಿಯಾಳಕ್ಕೆ ಹೋಗುವ ಬೆಳಗಿನ ಬಸ್ಸಿನಲ್ಲಿ ಕಿಟಕಿಯ ಪಕ್ಕದ ಸೀಟೇ ಸಿಕ್ಕಿದ್ದು ಆಸಿಮನಿಗೆ ಯಾರೋ ಬೇಕೆಂದೇ ಮಾಡಿದ ಉಪಚಾರದಂತೆ ಕಂಡು ಸಂಕೋಚವಾಯಿತು. ಇಂಥ ದಿನ ನಿಂತುಕೊಂಡೇ ಹೋಗಬೇಕಿತ್ತು. ಯಾರದಾದರೂ ಮೊಣಕೈ ಪಕ್ಕೆಗೆ ತಿವಿಯಬೇಕಿತ್ತು, ಕಂಡಕ್ಟರು ಸುಮ್ಮಸುಮ್ಮನೆ ಬೈದಿದ್ದರೂ ನಡೆಯುತ್ತಿತ್ತು. ಕಂಡಕ್ಟರು ನೋಡಿದರೆ ಪರಿಚಯದವನು, ಮಗಳ ಮದುವೆಯ ಕಾರ್ಡು ಆಸಿಮನ ಅಂಗಡಿಯಲ್ಲೇ ಮಾಡಿಸಿದವನು. ಟಿಕೆಟ್ಟು ಕೊಡುತ್ತ, ಹಳಿಯಾಳದಲ್ಲಿ ಯಾರೋ ಸತ್ತವರು ಸಂಜೆ ಬಸ್ಸಿಗೆ ವಾಪಸು ಬಂದರಂತಲ್ಲ, ನಿನಗೇನಾದರೂ ಗೊತ್ತೇನು ಅಂತ ಕೇಳಿ, ಉತ್ತರಕ್ಕೆ ಕಾಯದೆ ಹಿಂದಿನ ಸೀಟಿಗೆ ಹೋದ. ಆಸಿಮ ಟಿಕೆಟ್ಟನ್ನು ಮಡಚಿದ, ಮತ್ತೆ ಬಿಡಿಸಿದ. ವಾಪಸು ಬಂದವರು ಅಂದಾನೆಪ್ಪಕಾಕಾ. ಹಳಿಯಾಳದಲ್ಲಿ ಅವರ ಛಾಪಖಾನೆ ಇದ್ದ ಕಾಲದಲ್ಲಿ ಆಸಿಮನಿಗೆ ಅಚ್ಚಿನ ಕೆಲಸ ಕಲಿಸಿದವರು. ನಿನ್ನೆ ಮಧ್ಯಾಹ್ನ ಅವರು ಮುಂಡಗೋಡದಲ್ಲಿ ಬೀಗರ ಮನೆಯ ವಾಸ್ತುಶಾಂತಿಯಲ್ಲಿ ಹೋಳಿಗೆ ಉಣ್ಣುತ್ತ ಕೂತಿದ್ದಾಗ, ಅವರು ಲಿಂಗೈಕ್ಯರಾದರೆಂಬ ಕಾರ್ಡನ್ನು ಹಳಿಯಾಳದ ಕಂಬಕಂಬಕ್ಕೂ ಹತ್ತಿಸುವ ಹಾಗೆ ಮಾಡಿದವನು ಆಸಿಮನೇ. ಅವರ ಮುಂದೆ ಹೋಗಿ ನಿಲ್ಲಬೇಕು ಈಗ. ನಿಂತು ಏನು ಹೇಳಬೇಕು ಅನ್ನುವುದು ಇನ್ನೂ ಗೊತ್ತಾಗಿರಲಿಲ್ಲ. ಅವರು ಮನೆಯೊಳಗೆ ಕರೆಯದಿದ್ದರೆ ಏನು ಮಾಡುವುದು ಅನ್ನುವುದು ಮಾತ್ರ ರಾತ್ರಿಯಿಂದ ತಲೆಯಲ್ಲಿ ಕೂತುಬಿಟ್ಟಿತ್ತು.

ಅಂಬೇವಾಡಿ ದಾಟಿದ ಮೇಲೆ ದಾಂಡೇಲಿಯ ಕಾಗದದ ಕಾರ್ಖಾನೆಯ ವಾಸನೆ ತೆಳ್ಳಗಾಗಿ ತೇಗದ ಕಾಡು ಶುರುವಾಯಿತು. ಎಲೆಗಳ ಮೇಲೆ ಕೆಂಪು ಧೂಳು. ಆಸಿಮ ನೋಡುತ್ತಿದ್ದುದು ಮರಗಳನ್ನಲ್ಲ, ಕಾಣುತ್ತಿದ್ದುದು ತನ್ನ ಅಂಗಡಿಯ ಕಂಪ್ಯೂಟರಿನ ಪರದೆ. ಅದರಲ್ಲಿ ಕಾರ್ಡು ಮಾಡುವ ಪ್ರೋಗ್ರಾಮು ಅವನದೇ. ಪಿಯುಸಿಗೆ ಬಿಟ್ಟ ಓದು, ಉಳಿದದ್ದೆಲ್ಲ ಮೊಬೈಲಿನಲ್ಲಿ ಯಾರ್ಯಾರದೋ ಪಾಠ ನೋಡಿ, ಅರ್ಥವಾಗದ್ದನ್ನು ಅರ್ಥವಾಗುವ ತನಕ ನೋಡಿ ಕಲಿತದ್ದು. ಮದುವೆ, ವಾಸ್ತುಶಾಂತಿ, ನಿಧನ, ಯಾವ ಕಾರ್ಡಾದರೂ ಸರಿ, ಹೆಸರು ತುಂಬಿ ಫೋಟೋ ಕೂಡಿಸಿದರೆ ಸಾಕು, ಚೌಕಟ್ಟಿನಲ್ಲಿ ತಾನೇ ಕೂತುಕೊಳ್ಳುವ ಹಾಗೆ ಬರೆದಿದ್ದ. ಈ ವರ್ಷ ಅದಕ್ಕೆ ಇನ್ನೊಂದು ವಿದ್ಯೆ ಕಲಿಸಬೇಕೆನಿಸಿತು. ಹಳಿಯಾಳದವರು ಒಂದು ಕಾರ್ಡಿಗಾಗಿ ದಾಂಡೇಲಿಗೆ ಬಂದು ಹೋಗುವುದು ಯಾಕೆ? ಪ್ರೋಗ್ರಾಮೇ ಪ್ರಿಂಟ್ ಸರ್ವರ್ ಆಗಿಬಿಟ್ಟರೆ, ಇಲ್ಲಿ ಒತ್ತಿದ್ದು ಅಲ್ಲಿಯ ಅಂಗಡಿಯ ಪ್ರಿಂಟರಿನಲ್ಲಿ ಬೀಳುತ್ತದೆ. ಜಾಲದಲ್ಲಿ ಪುಕ್ಕಟೆ ಸಿಕ್ಕ ಯಾರದೋ ಸಿದ್ಧ ಕೋಡನ್ನು ತಂದು ತನ್ನದಕ್ಕೆ ಹೊಲಿದ. ಹೊಲಿಗೆ ಬಿಚ್ಚಿತು, ಮತ್ತೆ ಹೊಲಿದ. ಹಳಿಯಾಳದಲ್ಲಿ ಸಿದ್ದಲಿಂಗನ ಝೆರಾಕ್ಸ್ ಅಂಗಡಿಯಲ್ಲಿ ಅದನ್ನು ಕೂಡಿಸಿದ. ಸಿದ್ದಲಿಂಗನೂ ಅಂದಾನೆಪ್ಪಕಾಕಾನ ಛಾಪಖಾನೆಯಲ್ಲೇ ಇವನ ಜೊತೆ ಕಲಿತವನು. ಅಂದಿನಿಂದ ಅಲ್ಲಿಯ ಪ್ರಿಂಟರು ಹಗಲೆಲ್ಲ ಕಿವಿ ತೆರೆದು ಕೂತಿರುತ್ತದೆ. ಬಂದದ್ದನ್ನು ಕೇಳಿಸಿಕೊಂಡು ಅಚ್ಚು ಹಾಕುತ್ತದೆ. ಅದರ ಮೇಲೆ ಆಸಿಮನಿಗೆ ಬಹಳ ಹೆಮ್ಮೆಯಾಗಿದ್ದ ಇನ್ನೊಂದು ಕರಾಮತ್ತಿತ್ತು: ಒಂದು ಊರಿನ ಪ್ರಿಂಟರು ಸುಮ್ಮನಾದರೆ ಕೆಲಸ ಅಲ್ಲೇ ನಿಲ್ಲಕೂಡದು, ಎಚ್ಚರ ಇರುವ ಮುಂದಿನ ಪ್ರಿಂಟರಿಗೆ ತಾನಾಗಿ ಹೋಗಬೇಕು. ಗಿರಾಕಿ ಕಾಯಬಾರದಲ್ಲ. ಅದನ್ನು ಬರೆದು ಮುಗಿಸಿದ ದಿನ ಮನೆಗೆ ಹೋಗಿ ಹೆಂಡತಿ ದಿಲಶಾದಳಿಗೆ ಕೈ ಆಡಿಸಿ ಆಡಿಸಿ ವಿವರಿಸಿದ್ದ. ಅವಳು ಬೆಳ್ಳುಳ್ಳಿ ಸುಲಿಯುತ್ತ ಎಲ್ಲ ಕೇಳಿ, ಅಂದರೆ ಯಾರೂ ನೋಡದೆಯೂ ಅಚ್ಚಾಗುತ್ತದೆ ಅನ್ನು, ಅಂದಿದ್ದಳು. ಅವನು ಅದನ್ನು ಮೆಚ್ಚುಗೆ ಅಂತ ತಿಳಿದಿದ್ದ.

ನಿನ್ನೆ ಆದದ್ದು ಇಷ್ಟೇ. ನಿಧನದ ಕಾರ್ಡಿಗೆ ಹೊಸ ಚೌಕಟ್ಟು ಮಾಡಿದ್ದ, ಎರಡೂ ಬದಿ ದೀಪ, ಮೇಲೆ ಸಣ್ಣ ಹಾರ. ಅಚ್ಚಿನಲ್ಲಿ ಹೇಗೆ ಬರುತ್ತದೆ ನೋಡೋಣವೆಂದು ದಾಂಡೇಲಿಯ ತನ್ನ ಪ್ರಿಂಟರಿಗೇ ಕಳಿಸಿದ. ಅದೇ ಹೊತ್ತಿಗೆ ಕರೆಂಟು ಹೋಯಿತು. ಬ್ಯಾಟರಿ ಮೇಲೆ ಕಂಪ್ಯೂಟರು ಉಳಿಯಿತು, ಪ್ರಿಂಟರು ಸತ್ತಿತು. ಕಾಗದ ಬರಲಿಲ್ಲ, ಕರೆಂಟು ಬಂದ ಮೇಲೆ ನೋಡಿದರಾಯಿತು ಎಂದು ಶಟರು ಅರ್ಧ ಎಳೆದು ನಮಾಜಿಗೆ ಹೋದ. ಪ್ರೋಗ್ರಾಮು ಕಲಿಸಿದ್ದನ್ನು ಮರೆಯಲಿಲ್ಲ. ಎಚ್ಚರ ಇದ್ದ ಹಳಿಯಾಳದ ಪ್ರಿಂಟರಿಗೆ ಕೆಲಸ ದಾಟಿಸಿತು. ನಿಧನದ ಕಾರ್ಡನ್ನು ಯಾರೂ ಒಂದೇ ಒಂದು ಕೇಳುವುದಿಲ್ಲ ಅನ್ನುವುದೂ ಅವನೇ ಬರೆದಿಟ್ಟದ್ದು. ಹಾಗಾಗಿ ಒಂದು ಕಟ್ಟು ಬಂತು.

ಇಷ್ಟು ಯಾರ ಮುಂದೆಯಾದರೂ ಹೇಳಬಹುದಿತ್ತು. ಕರೆಂಟಿನದು ತಪ್ಪು, ಇನ್ನೊಂದಿಷ್ಟು ತನ್ನದು. ಹೇಳಲಾರದ್ದು ಬೇರೆ ಇತ್ತು. ಪರೀಕ್ಷೆಗೆ ಆ ಫೋಟೋ ಯಾಕೆ? ಯಾರ ಮುಖ ಹಾಕಿದ್ದರೂ ಆಗುತ್ತಿತ್ತು, ತನ್ನದೇ ಹಾಕಬಹುದಿತ್ತು. ಒತ್ತಕ್ಷರ ಇರುವ ಹೆಸರು ಬೇಕಿತ್ತು, ಕೆಲವು ಅಕ್ಷರ ಅಚ್ಚಿನಲ್ಲಿ ಕಳಚಿಕೊಳ್ಳುತ್ತವೆ, ಅದಕ್ಕೇ ಅಂದಾನೆಪ್ಪ ಅಂತ ಹಾಕಿದೆ ಎಂದು ರಾತ್ರಿ ಹಾಸಿಗೆಯಲ್ಲಿ ತನಗೆ ತಾನೇ ಹೇಳಿಕೊಂಡ. ಸಿದ್ದಲಿಂಗನ ಹೆಸರಿನಲ್ಲಿ ಒತ್ತಕ್ಷರ ಇಲ್ಲವೇ? ಕಳೆದ ವಾರ ಅದೇ ಝೆರಾಕ್ಸ್ ಅಂಗಡಿಯಲ್ಲಿ ಕಾಕಾ, ಆಸಿಮ ಮಾಡಿದ ಒಂದು ಮದುವೆ ಕಾರ್ಡನ್ನು ಹಿಂದೆಮುಂದೆ ತಿರುಗಿಸಿ, ಬೆರಳಿನಿಂದ ಸವರಿ, ಅಲ್ಲಿದ್ದ ಗಿರಾಕಿಗಳಿಗೆ ನಗುತ್ತ ಹೇಳಿದ್ದರು, ಛಲೋ ಮಾಡ್ಯಾನ, ನಮ್ಮ ಹುಡುಗ. ನಮ್ಮ ಹುಡುಗ. ಗಡ್ಡದಲ್ಲಿ ಬಿಳಿ ಕೂದಲು ಬಂದಿವೆ, ಮಗಳು ಹೈಸ್ಕೂಲಿಗೆ ಹೋಗುತ್ತಾಳೆ, ಇನ್ನೂ ಹುಡುಗ. ಆಗ ಆಸಿಮನೂ ಎಲ್ಲರ ಜೊತೆ ನಕ್ಕಿದ್ದ.  ನಿನ್ನೆ ಪರದೆಯ ಮೇಲೆ ಆ ಮುಖ ಎರಡು ದೀಪಗಳ ನಡುವೆ ಹೋಗಿ ಕೂತಾಗ, ಎಷ್ಟು ಚೆನ್ನಾಗಿ ಕೂತಿದೆ ಅನ್ನಿಸಿತು. ಕೆಳಗಿನ ಮಾತು ಬರೆಯಲು ತಡವಾಗಲಿಲ್ಲ. ಬಹಳ ಮಂದಿಗೆ ಅಕ್ಷರ ಕೂಡಿಸಲು ಕಲಿಸಿದವರು, ಯಾರ ಮನೆಯ ದುಃಖಕ್ಕೂ ಮೊದಲು ಬಂದು ನಿಂತವರು, ಇನ್ನಿಲ್ಲ. ಇಂಥ ಮಾತಿಗಾಗಿ ಸತ್ತವರ ಮಕ್ಕಳು ಅವನ ಮುಂದೆ ಕೂತು ಪೆನ್ನು ಕಚ್ಚುತ್ತಿರುತ್ತಾರೆ. ಅವನಿಗೆ ಒಂದೇ ಉಸಿರಿಗೆ ಬಂತು. ಮೊದಲೇ ಎಲ್ಲೋ ಬರೆದಿಟ್ಟುಕೊಂಡಿದ್ದ ಹಾಗೆ. ಬಸ್ಸು ತಿರುವಿನಲ್ಲಿ ಓರೆಯಾಯಿತು, ಅವನ ಹಣೆ ಗಾಜಿಗೆ ತಾಗಿತು. ತಾಗಲಿ ಅನಿಸಿತು.

ಇದಕ್ಕಿಂತ ಸಣ್ಣದೊಂದು ಇತ್ತು, ಅದೇ ಹೆಚ್ಚು ಕೊರೆಯುತ್ತಿತ್ತು. ನಿನ್ನೆ ಸಂಜೆ ಸಿದ್ದಲಿಂಗ ಫೋನು ಮಾಡಿ, ಕಾಕಾನ ಮುಂಡಗೋಡದಿಂದ ಯಾವಾಗ ತರತಾರ ಅಂತ ಅಳುಬುರುಕ ದನಿಯಲ್ಲಿ ಕೇಳಿದಾಗ, ಆಸಿಮನಿಗೆ ಮೊದಲು ಅರ್ಥವಾಗಲಿಲ್ಲ. ಒಂದು ಗಳಿಗೆ ಅವನೂ ನಂಬಿದ. ನಂಬಿ, ಸಾವಿನ ಸುದ್ದಿ ಕೇಳಿದಾಗ ಹೇಳುವ ಇನ್ನಾಲಿಲ್ಲಾಹಿ ಬಾಯಲ್ಲಿ ಬಂತು. ಆಮೇಲೆ ಅರ್ಥವಾಯಿತು. ಅದು ಪರೀಕ್ಷೆಗೆ ಮಾಡಿದ್ದು, ಕಾಕಾ ಇದ್ದಾರೆ ಅಂತ ಒದರಿ, ಆಚೆಯಿಂದ ಬರುವುದನ್ನು ಕೇಳಲಾರದೆ ಫೋನು ಬಂದ್ ಮಾಡಿ ಅಕ್ಕಿ ಡಬ್ಬಿಯ ಹಿಂದೆ ಇಟ್ಟ. ಹೋಗಬೇಕಿತ್ತು. ಗಾಡಿ ಇತ್ತು, ಪೆಟ್ರೋಲಿತ್ತು. ಹೋಗಲಿಲ್ಲ. ಬೆಳಿಗ್ಗೆ ದಿಲಶಾದ ಫೋನನ್ನು ಡಬ್ಬಿಯ ಹಿಂದಿನಿಂದ ತೆಗೆದು ಅವನ ಅಂಗಿಯ ಕಿಸೆಗೆ ಹಾಕಿ, ನೀವು ಹೋಗದಿದ್ದರೆ ನಾನೇ ಕಾಕಾನ ಮನೆಗೆ ಹೋಗಿ ಆ ಕಾಕೂನ ಕಾಲು ಹಿಡಿಯುತ್ತೇನೆ, ಆಮೇಲೆ ನಿಮಗೆ ಇನ್ನೂ ನಾಚಿಕೆಯಾಗುತ್ತದೆ ನೋಡಿ, ಅಂದಿದ್ದಳು. ಗಾಡಿ ಬೇಡ, ರಾತ್ರಿ ನಿದ್ದೆ ಮಾಡಿಲ್ಲ, ಬಸ್ಸಿಗೆ ಹೋಗಿ ಅಂತಲೂ ಅವಳೇ ಹೇಳಿದ್ದು.

ಹಳಿಯಾಳದ ಬಸ್ ಸ್ಟ್ಯಾಂಡಿನಲ್ಲಿ ಇಳಿದ ಕೂಡಲೆ ಕಂಬದ ಮೇಲೆ ಕಾರ್ಡು ಕಂಡಿತು. ಯಾರೋ ಕಿತ್ತಿದ್ದರು, ಅಂಟು ಗಟ್ಟಿಯಿದ್ದುದರಿಂದ ಪೂರ್ತಿ ಬಂದಿರಲಿಲ್ಲ. ಒಂದು ದೀಪ, ಅರ್ಧ ಮೀಸೆ, ಇನ್ನಿಲ್ಲ ಅನ್ನುವ ಮಾತು ಉಳಿದಿದ್ದವು. ಆಸಿಮ ಉಗುರಿನಿಂದ ಕೆರೆಯತೊಡಗಿದ. ಪಕ್ಕದಲ್ಲಿ ಪೇರಲಹಣ್ಣು ಮಾರುತ್ತಿದ್ದ ಮುದುಕಿ ಅವನನ್ನು ನೋಡಿ, ಅಳಬ್ಯಾಡೋ ಯಪ್ಪಾ, ಅಂವ ಅದಾನ, ಈಗಷ್ಟ ಮುಂಜಾನೆ ಹಾಲ ತಗೊಂಡ ಹೋದ, ಅಂತ ಸಮಾಧಾನ ಹೇಳಿದಳು. ತಾನು ಅಳುತ್ತಿದ್ದೇನೆಯೇ ಎಂದು ಅವನು ಕೆನ್ನೆ ಮುಟ್ಟಿ ನೋಡಿಕೊಂಡ. ಇರಲಿಲ್ಲ. ಬೆವರು ಇತ್ತು.

ಸಿದ್ದಲಿಂಗನ ಅಂಗಡಿ ದಾಟದೆ ಕಾಕಾನ ಮನೆಗೆ ದಾರಿಯಿಲ್ಲ. ತಲೆ ತಗ್ಗಿಸಿ ಹೋಗಿಬಿಡಬೇಕೆಂದಿದ್ದವನನ್ನು ಸಿದ್ದಲಿಂಗ ಒಳಗಿನಿಂದಲೇ ಕರೆದ. ಪ್ರಿಂಟರಿನ ವಾಯರು ಕಿತ್ತು ಮೇಲೆ ಇಟ್ಟಿದ್ದ, ಪೆಟ್ಟು ತಿಂದ ನಾಯಿಯ ಬಾಲದಂತೆ ಅದು ಸುರುಳಿಯಾಗಿ ಬಿದ್ದಿತ್ತು. ಬೈಯುತ್ತಾನೆ ಅಂದುಕೊಂಡರೆ ಸಿದ್ದಲಿಂಗನೇ ಅಪರಾಧಿಯ ಹಾಗೆ ಮಾತಾಡಿದ. ಕಾರ್ಡು ಬಿದ್ದ ಕೂಡಲೆ ಕಾಕಾನ ಫೋನಿಗೆ ಹಚ್ಚಿದ್ದನಂತೆ, ಬಂದ್ ಆಗಿತ್ತಂತೆ. ಮನೆಗೆ ಓಡಿದನಂತೆ, ಕೀಲಿ ಹಾಕಿತ್ತಂತೆ. ಕಾಕಾನ ಹೆಂಡತಿ ಶಂಕ್ರವ್ವಕಾಕೂನನ್ನು ಆಗಲೇ ಮುಂಡಗೋಡಕ್ಕೆ ಕರೆದೊಯ್ದಿದ್ದಾರೆ ಅಂತ ತಿಳಿದನಂತೆ. ಉಳಿದದ್ದು ತನ್ನ ಕೆಲಸ ಅಂತ ಅಂಟು ಹಿಡಿದು ಹೊರಟನಂತೆ.

‘ನಿನಗ ಒಂದ ಫೋನ್ ಮಾಡಬೇಕಿತ್ತು ಅಂತ ಎಲ್ಲಾರೂ ಅನ್ನಾಕತ್ತಾರ,’ ಅಂದ ಸಿದ್ದಲಿಂಗ. ‘ಸಾವಿನ ಮನಿ ಕಾರ್ಡ ಬಂದ್ರ ತಿರುಗಿ ಪ್ರಶ್ನೆ ಕೇಳಬ್ಯಾಡ್ರಿ ಅಂತ ನಮ್ಮಿಬ್ಬರಿಗೂ ಕಲಿಸಿದಾಂವ ಕಾಕಾನ ಅಲ್ಲೇನು? ಕಳಸಿದಾಂವ ನೀನು. ನಾ ಹೆಂಗ ಕೇಳ್ಲಿ, ಖರೆ ಏನೋ ಅಂತ?’

ಅದು ನಿಜ. ಸಾವಿನ ಮನೆಯವರು ಬಂದರೆ ಹೆಸರು ಸರಿಯಿದೆಯೇ, ಎಷ್ಟು ಬೇಕು, ಯಾವಾಗ ಬೇಕು ಅನ್ನುವ ಯಾವ ಮಾತೂ ಕಾಕಾನ ಛಾಪಖಾನೆಯಲ್ಲಿ ಇರಲಿಲ್ಲ. ಕೈಯಲ್ಲಿದ್ದ ಮದುವೆ ಕೆಲಸ ಬದಿಗೆ ಸರಿಸಿ, ನೀರು ಕೊಟ್ಟು ಕೂರಿಸಿ, ಮೊದಲು ಅದನ್ನು ಅಚ್ಚು ಹಾಕಬೇಕು. ಹೊಸದರಲ್ಲಿ ಆಸಿಮ ಒಮ್ಮೆ, ಹೋದದ್ದು ಅಪ್ಪನೋ ದೊಡ್ಡಪ್ಪನೋ ಅಂತ ಕೇಳಿದ್ದಕ್ಕೆ ಕಾಕಾ ಎಲ್ಲರೆದುರು ಬೈಯಲಿಲ್ಲ, ಆ ಮಂದಿ ಹೋದ ಮೇಲೆ ಹೇಳಿದ್ದರು: ಅವರು ಹೇಳಾಕ ಬಾಯಿ ತೆರೆದದ್ದ ದೊಡ್ಡದು, ಎರಡನೇ ಸಲ ತೆರಸಬ್ಯಾಡ. ಮೃದುವಾಗಿ ಹೇಳಿದ್ದರು. ಆ ಮೃದುತ್ವ ಆಸಿಮ ತನ್ನ ಪ್ರೋಗ್ರಾಮಿನಲ್ಲೂ ಹಾಕಿದ್ದ. ಬೇರೆ ಕಾರ್ಡುಗಳಿಗೆಲ್ಲ ಅಚ್ಚು ಹಾಕಲೇ ಅಂತ ಪರದೆಯ ಮೇಲೆ ಒಂದು ಪ್ರಶ್ನೆ ಬರುತ್ತದೆ. ನಿಧನದ ಕಾರ್ಡಿಗೆ ಬರುವುದಿಲ್ಲ. ತೆಗೆದುಹಾಕಿದ್ದ. ಕಾಕಾ ಮನುಷ್ಯರಿಗೆ ಕಲಿಸಿದ್ದನ್ನು ತಾನು ಯಂತ್ರಕ್ಕೂ ಕಲಿಸಿದ್ದೆ ಅನ್ನುವುದು ಈಗ ಸಿದ್ದಲಿಂಗನ ಮುಂದೆ ನಿಂತಾಗ ಹೊಳೆಯಿತು. ಸಿದ್ದಲಿಂಗ ಚಹಾ ತರಿಸುತ್ತೇನೆ ಅಂದ. ಬೇಡ ಅಂದ ಇವನು.

ಕಾಕಾನ ಮನೆಯ ಮುಂದೆ ಮಂದಿ ಇದ್ದರು. ದೂರದಿಂದ ನೋಡಿದರೆ ಸಾವಿನ ಮನೆಯೇ. ಕಟ್ಟೆಯ ಮೇಲೆ, ಮೆಟ್ಟಿಲ ಮೇಲೆ, ಬಾಡಿಗೆಗೆ ತಂದಂತಿದ್ದ ಕುರ್ಚಿಗಳ ಮೇಲೆ ಕೂತಿದ್ದರು. ಹತ್ತಿರ ಬಂದಾಗ ನಗೆ ಕೇಳಿಸಿತು. ನಡುವೆ ಅಂದಾನೆಪ್ಪ, ತೊಳೆದ ಧೋತರ, ಹಣೆಗೆ ದಪ್ಪ ವಿಭೂತಿ. ಎಷ್ಟನೆಯ ಸಲವೋ, ಕತೆ ಹೇಳುತ್ತಿದ್ದರು. ಹೇಳಿ ಹೇಳಿ ಅದು ನಯವಾಗಿತ್ತು.

‘ಬಸ್ ಇಳದೆ. ಕಂಬದ ಮ್ಯಾಲ ಯಾರದೋ ಫೋಟೋ ಹಚ್ಯಾರ. ಪಾಪ, ಯಾರೋ ಏನೋ, ಇನ್ನೂ ಸಣ್ಣ ವಯಸ್ಸು ಅಂದ್ಕೊಂಡೆ. ಚಸ್ಮಾ ಹಾಕ್ಕೊಂಡ ನೋಡ್ತೇನಿ, ನಾನ.’

ಎಲ್ಲರೂ ನಕ್ಕರು. ಕರಿಬಸಪ್ಪ ಅನ್ನುವ, ಕಾಕಾನ ವಯಸ್ಸಿನ ಕಬ್ಬಿನ ವ್ಯಾಪಾರಿ, ತಾನು ತಂದ ಹಾರ ಏನು ಮಾಡಲಿ, ಇಟ್ಟರೆ ಬಾಡುತ್ತದೆ, ಹಾಕಿಯೇ ಹೋಗಲೇನು ಅಂದ. ಅಷ್ಟರಲ್ಲಿ ಯಾರೋ ಆಸಿಮನನ್ನು ನೋಡಿದರು. ನಗೆ ನಿಲ್ಲಲಿಲ್ಲ, ದಿಕ್ಕು ಬದಲಿಸಿತು.

‘ಬಾರೋ ಆಸಿಮ್ಯಾ, ಬಾ,’ ಅಂದರು ಕಾಕಾ. ‘ಇಂವನ ನೋಡ್ರಿ. ನಮ್ಮ ಹುಡುಗ. ನನ್ನ ಮ್ಯಾಲ ಕಳಿಸಿದಾಂವ.’

ನಿಮ್ಮ ಅಂಗಡಿಗೆ ಫೋಟೋ ಕೊಡುವುದಕ್ಕೆ ಇನ್ನು ಹೆದರಿಕೆ ಬರುತ್ತದೆ ನೋಡಪಾ, ಅಂದ ಕರಿಬಸಪ್ಪ. ಇನ್ನೊಬ್ಬ, ನಮ್ಮ ಮಾವನ ಫೋಟೋ ಕೊಡ್ತೇನಿ, ಸ್ವಲ್ಪ ಪ್ರಯತ್ನ ಮಾಡಿ ನೋಡು, ಅಂದ. ಆಸಿಮ ಚಪ್ಪಲಿ ಬಿಟ್ಟು ಮೆಟ್ಟಿಲ ಕೆಳಗೇ ನಿಂತಿದ್ದ. ಬೈಗುಳಕ್ಕೆ ತಯಾರಾಗಿ ಬಂದಿದ್ದ. ನಗೆಗೆ ಹೇಗೆ ನಿಲ್ಲಬೇಕು ಅನ್ನುವುದು ಅವನಿಗೆ ಗೊತ್ತಿರಲಿಲ್ಲ, ಕೈಯನ್ನು ಎಲ್ಲಿ ಇಡಬೇಕೆಂದೂ ತಿಳಿಯಲಿಲ್ಲ. ಒಂದನ್ನು ಮಾತ್ರ ಗಮನಿಸಿದ. ಕಾಕಾ ಎಲ್ಲರ ಮುಖ ನೋಡಿ ನಗುತ್ತಿದ್ದರು, ಅವನ ಮುಖ ಬಂದಾಗ ಕಣ್ಣು ಅವನ ಭುಜದ ಮೇಲಿಂದ ದಾಟಿ ಬೀದಿಗೆ ಹೋಗುತ್ತಿತ್ತು. ಅವನು ಬಾಯಿ ತೆರೆದ. ಕಾಕಾ, ನಾನು, ಅಂದ. ಅಷ್ಟಕ್ಕೇ ಅವರು ಕೈ ಎತ್ತಿ, ಒಳಗೆ ಹೋಗು, ನಿಮ್ಮ ಕಾಕು ನಿನ್ನೆಯಿಂದ ಯಾರ ಕೂಡವೂ ಮಾತಾಡಿಲ್ಲ, ನನ್ನ ಕೂಡ ಸಹ, ಅಂದರು. ಅಂದು, ಈಗಷ್ಟೇ ಬಂದು ಕೂತವನೊಬ್ಬನಿಗಾಗಿ ಕತೆಯಲ್ಲಿ ಮತ್ತೆ ಬಸ್ಸಿನಿಂದ ಇಳಿಯತೊಡಗಿದರು.

ಒಳಗೆ ಕತ್ತಲೆ ತಂಪಾಗಿತ್ತು. ಶಂಕ್ರವ್ವ ಒಲೆಯ ಮುಂದೆ ರೊಟ್ಟಿ ಬಡಿಯುತ್ತಿದ್ದಳು. ಚಿಕ್ಕಂದಿನಲ್ಲಿ ಈ ಸದ್ದು ಛಾಪಖಾನೆಯ ತನಕ ಕೇಳುತ್ತಿತ್ತು, ಅಲ್ಲಿ ಮಷಿನಿನ ತಾಳ, ಇಲ್ಲಿ ಅಂಗೈಯ ತಾಳ, ಜೊತೆಗೆ ಬಳೆ. ಇವತ್ತು ಬಳೆಯ ಸದ್ದು ಇರಲಿಲ್ಲ. ಎರಡೂ ಮುಂಗೈ ಬೋಳು, ಬಲಗೈಯ ಮೇಲೆ ಕೆಂಪಗೆ ಉದ್ದ ಗೀರು. ಅದನ್ನು ನೋಡಿದ್ದೇ ಆಸಿಮ ಹೊಸ್ತಿಲ ಪಕ್ಕ ಕೂತುಬಿಟ್ಟ. ಮುಖ ಎತ್ತದೆ ಅವಳು, ಕಾಲು ಹಿಡಿಯಲು ಬಗ್ಗಬೇಡ, ಹಿಟ್ಟು ಹತ್ತುತ್ತದೆ, ಅಂದಳು. ಹೊರಗೆ ಮತ್ತೆ ನಗೆಯೆದ್ದಿತು. ಅದು ಇಳಿಯುವ ತನಕ ಅವಳು ರೊಟ್ಟಿಯನ್ನು ಹಂಚಿಗೆ ಹಾಕಿ, ಒದ್ದೆ ಅರಿವೆಯಿಂದ ಸವರಿ, ಆಮೇಲೆ ಹಂಚಿಗೇ ಹೇಳುವವಳ ಹಾಗೆ ಹೇಳತೊಡಗಿದಳು. ನಿನ್ನೆ ಹಿಟ್ಟಿನ ಗಿರಣಿಗೆ ಹೋಗಿದ್ದಳಂತೆ. ಪಾಳಿ ಅವಳದೇ ನಡೆದಿತ್ತಂತೆ, ಬೀಳುವ ಹಿಟ್ಟಿನ ಕೆಳಗೆ ಡಬ್ಬಿ ಹಿಡಿದು ನಿಂತಿದ್ದಳಂತೆ. ಎದುರುಮನೆಯ ಗೋದುಬಾಯಿ ಕಾರ್ಡು ಹಿಡಿದು ಓಡಿಬಂದು ಏನೋ ಒದರಿದಳಂತೆ, ಗಿರಣಿಯ ಗದ್ದಲದಲ್ಲಿ ಕೇಳಲಿಲ್ಲವಂತೆ.

‘ಗಿರಣಿಯಾಂವ ಮಷಿನ್ ಬಂದ್ ಮಾಡಿದ. ಗಪ್ಪ ಆತು ಎಲ್ಲಾ. ಆಗ ಗೋದುಬಾಯಿ ಹೇಳಿದ್ಳು. ಎಲ್ಲಾರೂ ನನ್ನ ಮಾರಿ ನೋಡಾಕತ್ತಾರ. ನನಗ ಮೊದಲ ಏನ ನೆನಪಾತು ಗೊತ್ತೈತೇನು ತಮ್ಮಾ?’

ಅವನು ಮುಖ ಎತ್ತಿದ.

‘ನಾಳೆ ಮುಂಜಾನೆ ಲಗೂನ ಏಳೂದು ಬ್ಯಾಡ ಅಂತ.’

ರೊಟ್ಟಿ ಉಬ್ಬಿತು, ಅವಳು ಅದನ್ನು ತಿರುವಿದಳು. ಮದುವೆಯಾಗಿ ಬಂದಂದಿನಿಂದ ಬೆಳಕು ಹರಿಯುವ ಮೊದಲು ಅವರಿಗೆ ಚಹಾ ಬೇಕು. ಜ್ವರ ಬಂದಿರಲಿ, ಬಾಣಂತಿಯಾಗಿರಲಿ. ಅವರು ಕೆಟ್ಟವರಲ್ಲ. ಕೈಯೆತ್ತಿದವರಲ್ಲ, ಒಂದು ದಿನವೂ ಸೀರೆಗೆ ಬೇಡ ಅಂದವರಲ್ಲ, ಬರೇ ಚಹಾ ಬೇಕು. ಅದು ನೆನಪಾಗಿ, ಆ ಜನರ ನಡುವೆ, ಒಂದು ಚಣ ಮೈಯೆಲ್ಲ ಹಗುರವಾಯಿತಂತೆ. ಆಮೇಲೆ ತನ್ನ ಮೇಲೆ ತನಗೇ ಹೇಸಿಗೆ ಬಂದು ಎರಡೂ ಕೈಯನ್ನು ಗಿರಣಿಯ ತಗಡಿಗೆ ಬಡಿದುಕೊಂಡಳಂತೆ, ಬಳೆ ಒಡೆದವಂತೆ.

‘ಆಮ್ಯಾಲೆ ಅತ್ತೆ. ಬಾಳ ಅತ್ತೆ. ಗಂಡನ ಸಲುವಾಗಿ ಅಂತ ತಿಳಕೊಂಡ್ರು ಎಲ್ಲಾರೂ. ಈಗ ಇವರ ಮುಂದ ಅದನ್ನ ಹಾಡಿ ಹೊಗಳಾಕತ್ತಾರ, ನಿಮ್ಮ ಶಂಕ್ರವ್ವ ಹೆಂಗ ಅತ್ತಳು ಅಂತ. ನನಗ ಬಳಿ ಇಟ್ಟಕೊಳ್ಳಾಕ ಮನಸ ಆಗವಲ್ದು.’

ಆಸಿಮನಿಗೆ ಒಮ್ಮೆಲೆ ಬಾಯಿ ಬಿಚ್ಚಿತು. ಕಾರ್ಡಿನ ಮಾತು ತಾನು ಹುಡುಕಬೇಕಾಗಲಿಲ್ಲ, ಮೊದಲೇ ಬರೆದಿಟ್ಟಂತೆ ಬಂತು, ಫೋಟೋ ತಾನೇ ಆರಿಸಿದ್ದು, ಕೂತದ್ದನ್ನು ನೋಡಿ ಚೆನ್ನಾಗಿದೆ ಅನ್ನಿಸಿತು, ಎಲ್ಲವನ್ನೂ ದಡಬಡ ಹೇಳಿದ. ಬಸ್ಸಿನಲ್ಲಿ ಅಷ್ಟು ಭಾರವಾಗಿದ್ದದ್ದು ಈ ಕೋಣೆಯಲ್ಲಿ ಹೊರಗೆ ಬಂದಾಗ ಹಿಡಿಯಷ್ಟಿತ್ತು. ಶಂಕ್ರವ್ವ ಕೇಳುತ್ತ ಮತ್ತೊಂದು ಹಿಟ್ಟಿನ ಉಂಡೆ ತಟ್ಟಿದಳು. ಆಶ್ಚರ್ಯಪಡಲಿಲ್ಲ, ಸಮಾಧಾನವನ್ನೂ ಹೇಳಲಿಲ್ಲ. ಬಡಿಯುವುದು ನಿಲ್ಲಿಸಿ ಅವನನ್ನು ಮೊದಲ ಸಲ ನೇರವಾಗಿ ನೋಡಿದಳು.

‘ಹೇಳೂದಿದ್ರ ನಿಂದು ನೀ ಹೇಳು ಅವರ ಮುಂದ. ನಂದು ಹೇಳಬ್ಯಾಡ.’

ಹೊರಗಿನಿಂದ ಕಾಕಾನ ಕೂಗು ಬಂತು. ಮಂದಿ ಕೂತಿದ್ದಾರೆ, ಚಹಾ ಆಗಲಿ ಅಂತ. ಅವಳು ಓಗೊಡಲಿಲ್ಲ. ಎರಡನೆಯ ಸಲ ಕೂಗು ಬಂತು, ಅದರಲ್ಲಿ ಕಟ್ಟೆಯವರಿಗೆ ಕೇಳಿಸಲೆಂದು ಸೇರಿಸಿದ ಸ್ವಲ್ಪ ಗತ್ತು ಇತ್ತು. ಅವಳು ಹಿಟ್ಟಿನ ಕೈಯನ್ನು ಪರಾತದ ಅಂಚಿಗೆ ಒರೆಸುತ್ತ ಕೂತಳು. ಸ್ವಲ್ಪ ಹೊತ್ತಿಗೆ ಅಂದಾನೆಪ್ಪ ತಾವೇ ಬಂದರು. ಅಡುಗೆಮನೆಯ ಬಾಗಿಲಲ್ಲಿ ತಲೆ ತಗ್ಗಿಸುವುದು ಅವರಿಗೆ ರೂಢಿಯಿರಲಿಲ್ಲ, ಹಣೆ ಬಡಿಯಿತು, ವಿಭೂತಿ ಅರ್ಧ ಅಳಿಸಿತು. ಹೊರಗಿನ ನಗೆ ಮುಖದ ಮೇಲೆ ಇನ್ನೂ ಇತ್ತು, ಅದಕ್ಕೆ ಇಲ್ಲಿ ಜಾಗ ಸಿಗದೆ ಮೆಲ್ಲನೆ ಹೋಯಿತು. ಅವರು ಮುದುಕರು ಅನ್ನುವುದು ಆಸಿಮನಿಗೆ ಆಗ ಕಂಡಿತು. ಫೋಟೋದಲ್ಲಿ ಕಂಡಿರಲಿಲ್ಲ.

‘ಶಂಕ್ರವ್ವಾ,’ ಅಂದರು, ದನಿ ಇಳಿಸಿ. ‘ನೀ ನಿನ್ನೆ ಬಾಳ ಅತ್ತಿ ಅಂತಲ್ಲ?’

ಕೇಳಿದ ರೀತಿಯಲ್ಲಿ ಆಸೆ ಇತ್ತು. ಊರೆಲ್ಲ ಹೇಳಿದ್ದನ್ನು ಅವಳ ಬಾಯಿಂದ ಒಮ್ಮೆ ಕೇಳಬೇಕಿತ್ತು ಅವರಿಗೆ, ಅಷ್ಟೇ. ಆಸಿಮ ನೆಲ ನೋಡಿದ. 

‘ಹೂಂ, ಅತ್ತೆ,’ ಅಂದಳು ಶಂಕ್ರವ್ವ. ಅದು ಸುಳ್ಳಾಗಿರಲಿಲ್ಲ. ಆಮೇಲೆ ಮೊಣಕಾಲಿಗೆ ಕೈಯೂರಿ ಎದ್ದಳು. ‘ಬಾಳ ಸಾಕಾಗೇತಿ ನನಗ. ಒಂದೀಟ ಅಡ್ಡಾಗ್ತೇನಿ. ಚಾ ನೀವ ಮಾಡ್ರಿ ಇವತ್ತ.’

ಪಕ್ಕದ ಕೋಣೆಗೆ ಹೋಗಿ ಬಾಗಿಲು ಮುಂದೆ ಮಾಡಿಕೊಂಡಳು. ಚಾಪೆ ಬಿಚ್ಚುವ ಸದ್ದಾಯಿತು. ಹಾಡಹಗಲಲ್ಲಿ, ಮನೆ ತುಂಬ ಮಂದಿ ಇದ್ದಾಗ, ಶಂಕ್ರವ್ವ ಮಲಗಿದಳು. ಅಂದಾನೆಪ್ಪ ಆ ಬಾಗಿಲನ್ನು ನೋಡಿದರು, ಆಸಿಮನನ್ನು ನೋಡಿದರು, ಒಲೆಯನ್ನು ನೋಡಿದರು. ಏನೋ ಕೇಳಬೇಕೆಂದು ಬಾಗಿಲ ಕಡೆ ಒಂದು ಹೆಜ್ಜೆ ಇಟ್ಟು ನಿಂತರು.  ಮೇಲಿನ ಫಳಿಯ ಡಬ್ಬಿಗಳನ್ನು ಒಂದೊಂದಾಗಿ ತೆಗೆದು ಮೂಸತೊಡಗಿದರು. ಜೀರಿಗೆ, ಅರಿಸಿನ, ಮತ್ತೆ ಜೀರಿಗೆ. ಆಸಿಮ ಎದ್ದು ಪಾತ್ರೆಗೆ ನೀರು ಹಾಕಿ ಮೂಲೆಯಲ್ಲಿದ್ದ ಗ್ಯಾಸು ಹೊತ್ತಿಸಿದ. ಚಹಾಪುಡಿಯ ಡಬ್ಬಿ ಅವರ ಮೊಣಕೈ ಹತ್ತಿರವೇ ಇತ್ತು, ತೆಗೆದು ಅವರ ಕೈಗೆ ಕೊಟ್ಟ. ಇಬ್ಬರೂ ನೀರು ನೋಡುತ್ತ ನಿಂತರು. ಹಿಂದೆ ಛಾ‌ಪಖಾನೆಯಲ್ಲಿ ಮೊದಲ ಹಾಳೆ ಬೀಳುವುದನ್ನು ಕಾಯುತ್ತ ಹೀಗೆ ನಿಲ್ಲುತ್ತಿದ್ದರು, ಆಗ ಆಸಿಮನ ತಲೆ ಅವರ ಎದೆಗೆ ಬರುತ್ತಿತ್ತು.

‘ಕಾಕಾ, ಕಾರ್ಡ ಹಳಿಯಾಳಕ್ಕ ಬಂದದ್ದಷ್ಟ ತಪ್ಪಿ ಬಂದದ್ದು,’ ಅಂದ. ‘ಫೋಟೋ ನಾನ ಆರಿಸಿದ್ದರಿ. ಆ ಮಾತೂ ನಾನ ಬರದದ್ದು. ಹೋದ ವಾರ ಅಂಗಡಿಯಾಗ ಮಂದಿ ಮುಂದ ನಮ್ಮ ಹುಡುಗ ಅಂದ್ರೆಲ್ಲ, ಅದು ಒಳಗ ಇತ್ತು ಅಂತ ಕಾಣ್ತೈತಿ.’

 ನೀರಿನ ತಳದಲ್ಲಿ ಸಣ್ಣ ಗುಳ್ಳೆಗಳು ಏಳತೊಡಗಿದವು.

‘ಗೊತ್ತೈತಿ,’ ಅಂದರು. ‘ಕಂಬದ ಮ್ಯಾಲ ನೋಡಿದ ಕೂಡಲೆ ಗೊತ್ತಾತು. ಹೆಸರಿನ ಸುತ್ತ ಅಷ್ಟ ಛಂದಂಗ ಜಾಗಾ ಬಿಟ್ಟಿದ್ದಿ. ತಪ್ಪಿ ಆದದ್ದು ಹಂಗ ಇರೂದಿಲ್ಲ. ಯಾರೋ ಕುಂತು, ನನ್ನ ನೆನೆಸಿ, ಸಾವಕಾಶ ಮಾಡಿದ್ದು ಅದು.’

‘ಸಿಟ್ಟ ಐತೇನ್ರಿ?’

ಈ ಸಲ ಅವರ ಕಣ್ಣು ಭುಜ ದಾಟಿ ಹೋಗಲಿಲ್ಲ. ಅವನ ಮುಖದ ಮೇಲೇ ನಿಂತಿತು, ಬಿಳಿಯಾದ ಗಡ್ಡದ ಮೇಲೆ, ಕಂಬದ ಅಂಟು ಇನ್ನೂ ಹತ್ತಿಕೊಂಡಿದ್ದ ಉಗುರುಗಳ ಮೇಲೆ.

‘ಐತಿ,’ ಅಂದರು. ‘ಇನ್ನೂ ಸ್ವಲ್ಪ ದಿನ ಇರ್ತೈತಿ. ಇರಲಿ ಬಿಡು, ನೀ ಬರ್ತಾ ಇರು.’ ಚಹಾಪುಡಿಯ ಡಬ್ಬಿಯನ್ನು ಎರಡೂ ಕೈಯಲ್ಲಿ ಹಿಡಿದು, ಕುದಿಯುವ ನೀರಿನಿಂದ ಸ್ವಲ್ಪ ಹಿಂದೆ ಸರಿದು ನಿಂತರು. ಆಮೇಲೆ ಒಳಕೋಣೆಗೆ ಕೇಳಿಸಬಾರದೆಂದು ಮತ್ತಷ್ಟು ಮೆಲ್ಲಗೆ ಕೇಳಿದರು. ‘ಈಗ ಇದನ್ನ ಎಷ್ಟ ಹಾಕಬೇಕು, ಹೇಳು.’